ಅಜ್ಜಿ ಕೇಳಲೊಲ್ಲದ ಪತ್ರ

ಗುಲಾಮಗಿರಿಯನ್ನು ಬೆಳೆಸಿದ್ದು ಹೊಗೆಸೊಪ್ಪು, ಹತ್ತಿ ತೋಟಗಳ ದುರಾಸೆ. ಅದಕ್ಕೆ ದೇವರ ರುಜು ತಂದುಕೊಟ್ಟದ್ದು ಧರ್ಮಪೀಠ. ಕಾನೂನು ಬದಲಾದ ಮೇಲೂ ಅಮೆರಿಕದ ವರ್ಣದ್ವೇಷ ಜೀವ ಹಿಡಿದುಕೊಂಡದ್ದರ ಹಿಂದೆ ಆ ರುಜುವಿನ ಬಲವಿದೆ.

ಫ್ಲಾರಿಡಾದ ಡೇಟೋನಾ ಊರು. ಕಳೆದ ಶತಮಾನದ ಆರಂಭದ ವರ್ಷಗಳು. ಹೊವರ್ಡ್ ಥರ್ಮನ್ ಎಂಬ ಹುಡುಗ ಅಜ್ಜಿಗೆ ಬೈಬಲ್ ಓದಿ ಹೇಳುತ್ತಿದ್ದ. ಅಜ್ಜಿಯ ಹೆಸರು ನ್ಯಾನ್ಸಿ ಆಂಬ್ರೋಸ್. ಗುಲಾಮಗಿರಿಯಲ್ಲೇ ಹುಟ್ಟಿ, ಬಿಡುಗಡೆಯಾದ ಮೇಲೆ ಸೂಲಗಿತ್ತಿಯಾಗಿ ದುಡಿದು, ತಂದೆ ಇಲ್ಲದ ಮೊಮ್ಮಕ್ಕಳನ್ನು ಬೆಳೆಸಿದವರು. ಅವರಿಗೆ ಓದು ಬರಹ ಬಾರದು. ಏನನ್ನು ಓದಬೇಕು ಎಂಬುದನ್ನು ಮಾತ್ರ ಅವರೇ ಗೊತ್ತುಮಾಡುತ್ತಿದ್ದರು. ಕೀರ್ತನೆಗಳು ಆಗಬಹುದು, ಪ್ರವಾದಿ ಯೆಶಾಯನ ಮಾತು ಆಗಬಹುದು, ಯೇಸುವಿನ ಕಥೆಯಂತೂ ಮತ್ತೆ ಮತ್ತೆ ಬೇಕು. ಅದೇ ಬೈಬಲಿನ ಸಂತ ಪೌಲನ ಪತ್ರಗಳು ಬೇಡವೇ ಬೇಡ. ಪ್ರೀತಿಯ ಬಗ್ಗೆ ಪೌಲ ಕೊರಿಂಥದವರಿಗೆ ಬರೆದ ಒಂದು ಅಧ್ಯಾಯಕ್ಕೆ ಅಪರೂಪಕ್ಕೊಮ್ಮೆ ಅಪ್ಪಣೆ ಸಿಗುತ್ತಿತ್ತು, ಅಷ್ಟೇ.

ಕಾರಣ ಕೇಳುವ ಧೈರ್ಯ ಹುಡುಗನಿಗೆ ಬಂದದ್ದು ಕಾಲೇಜು ಸೇರಿದ ಮೇಲೆ. ರಜೆಗೆ ಊರಿಗೆ ಬಂದಿದ್ದಾಗ ಅಂಜುತ್ತಲೇ ಕೇಳಿದ. ಅಜ್ಜಿ ಹಳೆಯ ದಿನಗಳನ್ನು ತೆರೆದಿಟ್ಟರು. ಒಡೆಯ ಕಪ್ಪು ಬೋಧಕರನ್ನು ತನ್ನ ಆಳುಗಳ ಹತ್ತಿರ ಸುಳಿಯಗೊಡುತ್ತಿರಲಿಲ್ಲ. ಅವನ ಬಿಳಿಯ ಪಾದ್ರಿಯೇ ಬಂದು ಬೋಧನೆ ಮಾಡಬೇಕು. ವರ್ಷಕ್ಕೆ ಮೂರು ನಾಲ್ಕು ಸಲವಾದರೂ ಆ ಪಾದ್ರಿ ಎತ್ತಿಕೊಳ್ಳುತ್ತಿದ್ದದ್ದು ಪೌಲನ ಒಂದೇ ಮಾತು: ಆಳುಗಳು ಕ್ರಿಸ್ತನಿಗೆ ತಲೆಬಾಗುವಂತೆ ಒಡೆಯರಿಗೂ ತಲೆಬಾಗಬೇಕು. ಮುಂದೆ ಎಂದಾದರೂ ಓದಲು ಕಲಿತರೆ, ಬಿಡುಗಡೆ ಸಿಕ್ಕರೆ, ಆ ಭಾಗವನ್ನು ಓದುವುದಿಲ್ಲ ಎಂದು ಅಜ್ಜಿ ತಮ್ಮನ್ನು ಸೃಷ್ಟಿಸಿದವನಿಗೇ ಮಾತು ಕೊಟ್ಟಿದ್ದರು.

ಅಮೆರಿಕದ ವರ್ಣದ್ವೇಷಕ್ಕೂ ಧರ್ಮಕ್ಕೂ ಏನು ನಂಟು ಎಂದು ಯಾರಾದರೂ ಕೇಳಿದರೆ ನನಗೆ ಮೊದಲು ನೆನಪಾಗುವುದು ಈ ಅಜ್ಜಿ. ಬೈಬಲಿನ ಪುಟಗಳಿಂದ ವರ್ಣದ್ವೇಷ ತಾನಾಗಿ ಎದ್ದು ಬರಲಿಲ್ಲ. ತೋಟಗಳಿಗೆ ಕೂಲಿ ಕೇಳದ ದುಡಿಮೆ ಬೇಕಿತ್ತು. ಆ ದುಡಿಮೆಯನ್ನು ಚಾವಟಿಯಿಂದ ಕಿತ್ತುಕೊಂಡು ಭಾನುವಾರ ಪ್ರಾರ್ಥನೆಗೆ ಕೂರುವವರ ಮನಸ್ಸಾಕ್ಷಿಗೆ ಒಂದು ಸಮಾಧಾನ ಬೇಕಿತ್ತು. ಅದನ್ನು ಹುಡುಕಿಕೊಂಡು ಅವರು ಗ್ರಂಥಕ್ಕೆ ಹೋದರು. ಹುಡುಕಿಕೊಡಲು ಪಾದ್ರಿಗಳು ಸಿದ್ಧರಿದ್ದರು.

ಹಡಗಿನ ಹೆಸರು ಜೀಸಸ್

ದೇವರ ಈ ರುಜುವಿನ ಮೊದಲ ದಾಖಲೆಗಳು ಅಮೆರಿಕ ಎಂಬ ಹೆಸರಿಗಿಂತಲೂ ಹಳೆಯವು. 1452ರಲ್ಲಿ ಪೋಪ್ ಐದನೆಯ ನಿಕೋಲಸ್ ಪೋರ್ಚುಗಲ್ಲಿನ ದೊರೆ ಐದನೆಯ ಅಫೊನ್ಸೊನಿಗೆ ಒಂದು ಆಜ್ಞಾಪತ್ರ ಕೊಟ್ಟರು. ಮುಸ್ಲಿಮರನ್ನೂ ಇತರ ಅನ್ಯಮತೀಯರನ್ನೂ ಗೆದ್ದು ಅವರನ್ನು ಶಾಶ್ವತ ಗುಲಾಮಗಿರಿಗೆ ತಳ್ಳುವ ಅಧಿಕಾರ ಅದರಲ್ಲಿತ್ತು. 1455ರ ಇನ್ನೊಂದು ಪತ್ರ ಆಫ್ರಿಕಾದ ಕರಾವಳಿಯ ಮೇಲೆ ಪೋರ್ಚುಗಲ್ಲಿನ ಹಕ್ಕನ್ನು ಗಟ್ಟಿಮಾಡಿತು. ಕ್ರೈಸ್ತ ದೊರೆ 'ಕಂಡುಹಿಡಿದ' ನೆಲ ಅವನದೇ ಎಂಬ ಈ ವಾದ ಎಷ್ಟು ದೂರ ಹೋಯಿತೆಂದರೆ, 1823ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ಅಲ್ಲಿನ ಮೂಲನಿವಾಸಿಗಳಿಗೆ ತಮ್ಮ ನೆಲದ ಮೇಲೆ ಪೂರ್ಣ ಒಡೆತನವಿಲ್ಲ ಎಂದು ಹೇಳುವಾಗಲೂ ಅದನ್ನೇ ಆಧಾರವಾಗಿ ಹಿಡಿಯಿತು.

1564ರಲ್ಲಿ ಇಂಗ್ಲೆಂಡಿನ ಜಾನ್ ಹಾಕಿನ್ಸ್ ಆಫ್ರಿಕನ್ನರನ್ನು ಹಿಡಿದು ಸ್ಪೇನಿನ ವಸಾಹತುಗಳಲ್ಲಿ ಮಾರಲು ಹೊರಟಾಗ ರಾಣಿ ಮೊದಲನೆಯ ಎಲಿಜಬೆತ್ ಅವನಿಗೆ ತನ್ನದೊಂದು ಹಡಗನ್ನು ಕೊಟ್ಟಳು. ಆ ಹಡಗಿನ ಹೆಸರು 'ಜೀಸಸ್ ಆಫ್ ಲ್ಯೂಬೆಕ್'. ಸಂಕೋಲೆ ತೊಟ್ಟ ಜನರನ್ನು ಯೇಸುವಿನ ಹೆಸರು ಹೊತ್ತ ಹಡಗಿನ ಹೊಟ್ಟೆಗೆ ತುಂಬಿದರು. 1619ರಲ್ಲಿ ವರ್ಜೀನಿಯಾದ ಪಾಯಿಂಟ್ ಕಂಫರ್ಟ್ ದಡಕ್ಕೆ ಇಪ್ಪತ್ತಕ್ಕೂ ಹೆಚ್ಚು ಆಫ್ರಿಕನ್ನರು ಬಂದಿಳಿದರು. ಇಂಗ್ಲಿಷರ ಅಮೆರಿಕದಲ್ಲಿ ಗುಲಾಮಗಿರಿಯ ಕಥೆಯನ್ನು ಸಾಮಾನ್ಯವಾಗಿ ಅಲ್ಲಿಂದ ಹೇಳುತ್ತಾರೆ.

ದೀಕ್ಷಾಸ್ನಾನ ತಂದ ತೊಡಕು

ಪೋಪರ ಪತ್ರಗಳು ಎಳೆದ ಗೆರೆ ಕ್ರೈಸ್ತರು ಮತ್ತು ಅನ್ಯಮತೀಯರ ನಡುವಿನದು. ಚರ್ಮದ ಬಣ್ಣದ ಮಾತು ಅಲ್ಲಿಲ್ಲ. ಹಾಗಾಗಿ ಆ ಗೋಡೆಯಲ್ಲಿ ಒಂದು ಬಾಗಿಲು ಉಳಿದಿತ್ತು. ಅನ್ಯಮತದವನೆಂದು ಗುಲಾಮನಾದವನು ನಾಳೆ ಕ್ರೈಸ್ತನಾದರೆ ಏನು ಗತಿ? ಕ್ರೈಸ್ತನು ಕ್ರೈಸ್ತನನ್ನು ಗುಲಾಮನಾಗಿ ಇಟ್ಟುಕೊಳ್ಳಬಾರದು ಎಂಬ ನಂಬಿಕೆ ಆಗಿನ ಇಂಗ್ಲಿಷರಲ್ಲಿ ಹರಡಿತ್ತು.

ಎಲಿಜಬೆತ್ ಕೀ ಎಂಬ ಹೆಂಗಸು ಆ ಬಾಗಿಲನ್ನು ತಟ್ಟಿದರು. ತಾಯಿ ಆಫ್ರಿಕಾ ಮೂಲದ ಗುಲಾಮ ಹೆಂಗಸು, ತಂದೆ ಇಂಗ್ಲಿಷಿನವನು, ವರ್ಜೀನಿಯಾದ ಶಾಸನಸಭೆಯಲ್ಲಿ ಕೂತವನು. ತಂದೆ ಗೊತ್ತುಮಾಡಿದ್ದ ದುಡಿಮೆಯ ಅವಧಿ ಮುಗಿದು ವರ್ಷಗಳೇ ಕಳೆದರೂ ಆಕೆಯನ್ನು ಬಿಟ್ಟಿರಲಿಲ್ಲ. ಆಕೆ ನ್ಯಾಯ ಕೇಳಿದರು. ನನ್ನ ತಂದೆ ಸ್ವತಂತ್ರ ಇಂಗ್ಲಿಷಿನವನು, ನನಗೆ ದೀಕ್ಷಾಸ್ನಾನವಾಗಿದೆ, ನಾನು ಕ್ರೈಸ್ತಳು ಎಂಬುದು ಅವರ ವಾದ. 1656ರಲ್ಲಿ ಅವರಿಗೆ ಬಿಡುಗಡೆ ಸಿಕ್ಕಿತು.

ಮುಂದಿನ ಹತ್ತು ಹನ್ನೊಂದು ವರ್ಷಗಳಲ್ಲಿ ವರ್ಜೀನಿಯಾದ ಶಾಸನಸಭೆ ಆ ಎರಡೂ ವಾದಗಳಿಗೆ ಬೀಗ ಹಾಕಿತು. 1662ರ ಕಾನೂನು, ಮಗು ಗುಲಾಮನೋ ಸ್ವತಂತ್ರನೋ ಎಂಬುದು ತಾಯಿಯ ಸ್ಥಿತಿಯಿಂದ ತೀರ್ಮಾನವಾಗುತ್ತದೆ ಎಂದಿತು. ಒಡೆಯನೇ ತಂದೆಯಾದರೂ ಮಗು ಗುಲಾಮ. 1667ರ ಕಾನೂನು, ದೀಕ್ಷಾಸ್ನಾನದಿಂದ ಯಾರ ಗುಲಾಮಗಿರಿಯೂ ಕಳೆಯುವುದಿಲ್ಲ ಎಂದಿತು. ಈ ಎರಡನೆಯ ಕಾನೂನು ಕೊಟ್ಟುಕೊಂಡ ಕಾರಣ ಓದುವಾಗ ಎದೆ ಭಾರವಾಗುತ್ತದೆ: ಆಳು ಕೈಬಿಟ್ಟುಹೋದಾನು ಎಂಬ ಭಯ ಇಲ್ಲದಿದ್ದರೆ ಒಡೆಯರು ಧರ್ಮವನ್ನು ಹೆಚ್ಚು ಶ್ರದ್ಧೆಯಿಂದ ಹರಡುತ್ತಾರೆ. ಆತ್ಮ ದೇವರ ಪಾಲಿಗೆ, ದೇಹ ಒಡೆಯನ ಪಾಲಿಗೆ ಎಂದು ಶಾಸನಸಭೆ ಮನುಷ್ಯನನ್ನು ಎರಡು ಭಾಗ ಮಾಡಿತು.

ನನ್ನ ಮಟ್ಟಿಗೆ ಅಮೆರಿಕದ ವರ್ಣದ್ವೇಷದ ತಾಯಿಬೇರು ಇಲ್ಲಿದೆ. ಗುಲಾಮನೂ ಕ್ರೈಸ್ತ, ಒಡೆಯನೂ ಕ್ರೈಸ್ತ ಎಂದಾದ ಮೇಲೆ ಇಬ್ಬರನ್ನೂ ಬೇರೆ ಮಾಡಲು ಹೊಸ ಗುರುತು ಬೇಕಾಯಿತು. ಉಳಿದಿದ್ದದ್ದು ಮೈಬಣ್ಣ. 1691ರಲ್ಲಿ ಅದೇ ವರ್ಜೀನಿಯಾ ಬೇರೆ ಬಣ್ಣದವರ ನಡುವಿನ ಮದುವೆಯನ್ನು ತಡೆಯುವ ಕಾನೂನು ಮಾಡಿದಾಗ 'ಬಿಳಿಯ' ಎಂಬ ಪದ ಕಾನೂನಿನ ಭಾಷೆಗೇ ಬಂತು. ಮತ ಬದಲಿಸಬಹುದು, ಚರ್ಮ ಬದಲಿಸಲಾಗದು. ಇದ್ದೊಂದು ಬಾಗಿಲೂ ಗೋಡೆಯಾಯಿತು.

ನೋಹನ ಶಾಪ

ಬಣ್ಣವೇ ಗುರುತು ಎಂದಾದ ಮೇಲೆ ಬಣ್ಣಕ್ಕೆ ದೇವರ ಕಾರಣವೂ ಬೇಕಲ್ಲ? ಅದನ್ನು ಆದಿಕಾಂಡದ ಒಂಬತ್ತನೆಯ ಅಧ್ಯಾಯದಲ್ಲಿ ಕಂಡುಕೊಂಡರು. ಜಲಪ್ರಳಯ ಇಳಿದ ಮೇಲೆ ನೋಹ ದ್ರಾಕ್ಷಿತೋಟ ಮಾಡಿದ. ದ್ರಾಕ್ಷಾರಸ ಕುಡಿದು ಮತ್ತನಾಗಿ ಗುಡಾರದಲ್ಲಿ ಬೆತ್ತಲೆ ಮಲಗಿದ. ಮಗ ಹಾಮ್ ಅದನ್ನು ನೋಡಿ ಹೊರಗಿದ್ದ ಅಣ್ಣತಮ್ಮಂದಿರಿಗೆ ಹೇಳಿದ. ಶೇಮ್ ಮತ್ತು ಯೆಫೆತ್ ಹಿಮ್ಮುಖವಾಗಿ ನಡೆದುಹೋಗಿ, ತಂದೆಯ ಕಡೆ ನೋಡದೆ ಬಟ್ಟೆ ಹೊದಿಸಿದರು. ಎಚ್ಚರವಾದ ನೋಹ ಶಾಪ ಕೊಟ್ಟ: ಕಾನಾನನು ತನ್ನವರಿಗೆ ದಾಸಾನುದಾಸನಾಗಲಿ.

ಕಥೆ ಇಷ್ಟೇ. ಸಾವಧಾನವಾಗಿ ಓದಿದವರಿಗೆ ಎರಡು ಸಂಗತಿಗಳು ಕಣ್ಣಿಗೆ ಬೀಳುತ್ತವೆ. ಶಾಪ ಬಿದ್ದದ್ದು ಹಾಮನಿಗಲ್ಲ, ಅವನ ಮಗ ಕಾನಾನನಿಗೆ. ಮುಂದಿನ ಅಧ್ಯಾಯದ ವಂಶಾವಳಿ ಹಾಮನ ನಾಲ್ವರು ಮಕ್ಕಳನ್ನು ಹೆಸರಿಸುತ್ತದೆ. ಅವರಲ್ಲಿ ಕೂಷ್ ಇಥಿಯೋಪಿಯದ ಕಡೆಯವರ ಮೂಲಪುರುಷ. ಕಾನಾನನ ವಂಶದವರು ಪಶ್ಚಿಮ ಏಷ್ಯಾದ ಜನ. ಶಾಪದ ಮಾತಿನಲ್ಲಿ ಆಫ್ರಿಕಾ ಇಲ್ಲ. ಎರಡನೆಯದಾಗಿ, ಮೈಬಣ್ಣದ ಬಗ್ಗೆ ಅಲ್ಲಿ ಒಂದು ಅಕ್ಷರವೂ ಇಲ್ಲ. ಆದರೂ ಶತಮಾನಗಳ ಕಾಲ ವ್ಯಾಖ್ಯಾನದ ಮೇಲೆ ವ್ಯಾಖ್ಯಾನ ಕೂಡಿ ಹಾಮ್ ಕಪ್ಪು ಜನರ ಪೂರ್ವಜನಾದ, ಶಾಪ ಅವರೆಲ್ಲರ ಹಣೆಬರಹವಾಯಿತು. 1861ರ ಮಾರ್ಚಿನಲ್ಲಿ ಸವಾನಾ ನಗರದಲ್ಲಿ ಅಮೆರಿಕದಿಂದ ಬೇರೆಯಾದ ದಕ್ಷಿಣದ ರಾಜ್ಯಗಳ ಒಕ್ಕೂಟದ ಉಪಾಧ್ಯಕ್ಷ ಅಲೆಕ್ಸಾಂಡರ್ ಸ್ಟೀಫನ್ಸ್ ಮಾಡಿದ ಭಾಷಣ ಪ್ರಸಿದ್ಧ. ಕಪ್ಪು ಮನುಷ್ಯ ಬಿಳಿಯನಿಗೆ ಸಮನಲ್ಲ ಎಂಬ 'ಸತ್ಯ'ವೇ ತಮ್ಮ ಹೊಸ ಸರ್ಕಾರದ ಮೂಲೆಗಲ್ಲು ಎಂದ ಆತ ಪ್ರಕೃತಿಯ ಜೊತೆಗೆ ಕಾನಾನನ ಶಾಪವನ್ನೂ ಸಾಕ್ಷಿಗೆ ಕರೆದ.

ಕತ್ತರಿ ಬಿದ್ದ ಗ್ರಂಥ

ಶಾಪ ಒಡೆಯರ ಸಮಾಧಾನಕ್ಕೆ. ಆಳುಗಳಿಗೆ ಕಲಿಸಬೇಕಾದದ್ದು ವಿಧೇಯತೆ. 1807ರಲ್ಲಿ ಲಂಡನ್ನಿನಲ್ಲಿ ಒಂದು ಬೈಬಲ್ ಅಚ್ಚಾಯಿತು. ಅದು ಬ್ರಿಟಿಷ್ ವೆಸ್ಟ್ ಇಂಡೀಸ್ ದ್ವೀಪಗಳ ಗುಲಾಮರಿಗಾಗಿ ಆಯ್ದ ಭಾಗಗಳ ಬೈಬಲ್. ಅದರ ಒಂದು ಪ್ರತಿ ಇಂದು ಅಮೆರಿಕದ ನ್ಯಾಶ್‌ವಿಲ್‌ನಲ್ಲಿ, ಬಿಡುಗಡೆಯಾದ ಕಪ್ಪು ಜನರ ಓದಿಗಾಗಿ ಹುಟ್ಟಿದ ಫಿಸ್ಕ್ ವಿಶ್ವವಿದ್ಯಾಲಯದಲ್ಲಿದೆ. ಬೈಬಲಿನಲ್ಲಿ ಸಾವಿರಕ್ಕೂ ಹೆಚ್ಚು ಅಧ್ಯಾಯಗಳಿವೆ. ಇದರಲ್ಲಿ ಉಳಿದದ್ದು 232. ಮೋಶೆ ತನ್ನ ಜನರನ್ನು ಈಜಿಪ್ಟಿನ ದಾಸ್ಯದಿಂದ ಬಿಡಿಸಿ ತಂದ ಕಥೆಗೆ ಕತ್ತರಿ ಬಿದ್ದಿದೆ. ಕ್ರಿಸ್ತನಲ್ಲಿ ದಾಸ, ಸ್ವತಂತ್ರ ಎಂಬ ಭೇದವಿಲ್ಲ ಎಂದು ಪೌಲನೇ ಗಲಾತ್ಯದವರಿಗೆ ಬರೆದ ಮಾತೂ ಇಲ್ಲ. ಎಫೆಸದವರಿಗೆ ಬರೆದ ವಿಧೇಯತೆಯ ಮಾತು ಮಾತ್ರ ಭದ್ರವಾಗಿದೆ. ಡೇಟೋನಾದ ಅಜ್ಜಿ ಕೇಳಲೊಲ್ಲದ ಪತ್ರ ಅದೇ.

ಬೋಧನೆ ಕೇಳುತ್ತಿದ್ದವರು ಅದನ್ನು ಹಾಗೆಯೇ ನುಂಗಿದರು ಎಂದುಕೊಳ್ಳಬಾರದು. ಜಾರ್ಜಿಯಾದ ಲಿಬರ್ಟಿ ಕೌಂಟಿಯಲ್ಲಿ ಚಾರ್ಲ್ಸ್ ಕೋಲ್‌ಕಾಕ್ ಜೋನ್ಸ್ ಎಂಬ ಪಾದ್ರಿ ಇದ್ದರು. ಸ್ವತಃ ಗುಲಾಮರ ಒಡೆಯರು, ಗುಲಾಮರಿಗೆ ಧರ್ಮ ಕಲಿಸುವುದನ್ನೇ ಕಾಯಕ ಮಾಡಿಕೊಂಡವರು. ಒಡೆಯನನ್ನು ಬಿಟ್ಟುಹೋದ ದಾಸ ಒನೇಸಿಮನನ್ನು ಪೌಲ ಹಿಂದಕ್ಕೆ ಕಳಿಸಿದ ಕಥೆ ಫಿಲೆಮೋನನ ಪತ್ರದಲ್ಲಿದೆ. ಓಡಿಹೋಗುವುದು ಪಾಪ ಎಂದು ಹೇಳಲು ಜೋನ್ಸ್ ಒಂದು ದಿನ ಆ ಪತ್ರವನ್ನು ಹಿಡಿದರು. ಕೂತಿದ್ದ ಗುಲಾಮರಲ್ಲಿ ಅರ್ಧದಷ್ಟು ಜನ ಎದ್ದು ಹೊರಟುಹೋದರು. ಉಳಿದವರ ಮುಖದಲ್ಲೂ ಒಪ್ಪಿಗೆ ಇರಲಿಲ್ಲ. ಇದನ್ನು ದಾಖಲಿಸಿದವರು ಜೋನ್ಸ್ ಅವರೇ. ಚಾವಟಿ ಕೈಗೆಟುಕುವ ಜಾಗದಲ್ಲಿ, ಬೋಧನೆಯ ನಡುವೆ ಎದ್ದು ಹೋಗುವುದಕ್ಕೆ ಎಂಥ ಎದೆಗಾರಿಕೆ ಬೇಕು!

ಭಕ್ತಿ ಹೆಚ್ಚಾದರೆ ಕರುಣೆ ಹೆಚ್ಚಾದೀತೆಂದು ನಂಬಿದವರಿಗೂ ನಿರಾಸೆ ಕಾದಿತ್ತು. ಗುಲಾಮಗಿರಿಯಿಂದ ತಪ್ಪಿಸಿಕೊಂಡು ಮಹಾನ್ ವಾಗ್ಮಿಯಾದ ಫ್ರೆಡೆರಿಕ್ ಡಗ್ಲಸ್ ತಮ್ಮ 1845ರ ಆತ್ಮಕಥೆಯಲ್ಲಿ ಒಡೆಯ ಥಾಮಸ್ ಆಲ್ಡ್‌ನ ಬಗ್ಗೆ ಬರೆದಿದ್ದಾರೆ. 1832ರಲ್ಲಿ ಮೆಥಡಿಸ್ಟರ ಭಕ್ತಿಶಿಬಿರದಲ್ಲಿ ಅವನ ಮನಸ್ಸು ತಿರುಗಿತು, ಮನೆಯಲ್ಲಿ ಮೂರು ಹೊತ್ತೂ ಪ್ರಾರ್ಥನೆ ಶುರುವಾಯಿತು. ಕ್ರೌರ್ಯವೂ ಹೆಚ್ಚಿತು. ಮೊದಲು ಅವನು ಹೊಡೆಯುವುದಕ್ಕೆ ಅವನ ದುಷ್ಟತನವಷ್ಟೇ ಆಸರೆಯಾಗಿತ್ತು. ಈಗ ಕಾಲು ಊನವಾದ ಹುಡುಗಿಯೊಬ್ಬಳನ್ನು ಕಟ್ಟಿಹಾಕಿ ರಕ್ತ ಬರುವಂತೆ ಬಾರಿಸುವಾಗ ಅವನ ಬಾಯಲ್ಲಿ ಲೂಕನ ಸುವಾರ್ತೆಯ ವಾಕ್ಯವಿತ್ತು.

ಒಡೆದ ಚರ್ಚು, ಉಳಿದ ಗೆರೆ

ಎಲ್ಲ ಕ್ರೈಸ್ತರೂ ಸುಮ್ಮನಿರಲಿಲ್ಲ. 1688ರಲ್ಲೇ ಪೆನ್ಸಿಲ್ವೇನಿಯಾದ ಜರ್ಮನ್‌ಟೌನ್‌ನ ಕ್ವೇಕರರು ಗುಲಾಮಗಿರಿಯ ವಿರುದ್ಧ ಮನವಿ ಬರೆದರು. 19ನೇ ಶತಮಾನದ ನಡುವಿನ ಹೊತ್ತಿಗೆ ದೊಡ್ಡ ಪಂಗಡಗಳೇ ಸೀಳಿದವು. 1844ರಲ್ಲಿ ಗುಲಾಮರಿದ್ದ ಬಿಷಪ್ ಒಬ್ಬರ ವಿಚಾರವಾಗಿ ಮೆಥಡಿಸ್ಟರು ಒಡೆದರು. ಗುಲಾಮರ ಒಡೆಯರು ಮಿಷನರಿಗಳಾಗಬಹುದೇ ಎಂಬ ಪ್ರಶ್ನೆಯ ಮೇಲೆ ಬ್ಯಾಪ್ಟಿಸ್ಟರು ಒಡೆದು, 1845ರಲ್ಲಿ ಜಾರ್ಜಿಯಾದ ಆಗಸ್ಟಾದಲ್ಲಿ ಸದರ್ನ್ ಬ್ಯಾಪ್ಟಿಸ್ಟ್ ಕನ್ವೆನ್ಷನ್ ಹುಟ್ಟಿತು. ಇಂದು ಅದು ಅಮೆರಿಕದ ಅತಿ ದೊಡ್ಡ ಪ್ರಾಟೆಸ್ಟಂಟ್ ಪಂಗಡ. ಕ್ಯಾಥೊಲಿಕರೂ ಹೊರತಲ್ಲ. 1838ರಲ್ಲಿ ಮೇರಿಲ್ಯಾಂಡಿನ ಜೆಸ್ವಿಟ್ ಪಾದ್ರಿಗಳು 272 ಗುಲಾಮರನ್ನು ಮಾರಿದರು. ಆ ಹಣದಲ್ಲಿ ಒಂದು ಪಾಲು ಇಂದಿನ ಜಾರ್ಜ್‌ಟೌನ್ ವಿಶ್ವವಿದ್ಯಾಲಯದ ಸಾಲ ತೀರಿಸಲು ಹೋಯಿತು.

ಗುಲಾಮಗಿರಿ 1865ರಲ್ಲಿ ಕಾನೂನಿನಿಂದ ಅಳಿಯಿತು. ದೇವರ ಹೆಸರಿನ ಗೆರೆ ಅಳಿಯಲಿಲ್ಲ. ದಾಸ್ಯಕ್ಕೆ ಹುಡುಕಿಕೊಟ್ಟ ಆಧಾರಗಳನ್ನೇ ತುಸು ತಿದ್ದಿ ಪ್ರತ್ಯೇಕತೆಗೆ ಹೊಂದಿಸಿದರು. ದೇವರು ಜನಾಂಗಗಳನ್ನು ಬೇರೆ ಬೇರೆ ಇಟ್ಟಿದ್ದಾನೆ, ಬೆರೆಸುವುದು ಪಾಪ ಎಂಬುದು ಹೊಸ ಪಾಠ. 1915ರಲ್ಲಿ ಅಟ್ಲಾಂಟಾ ಹತ್ತಿರದ ಸ್ಟೋನ್ ಮೌಂಟನ್ ಬೆಟ್ಟದ ಮೇಲೆ ಶಿಲುಬೆ ಉರಿಸಿ, ಬಿಳಿಯರ ಹಿಂಸಾತ್ಮಕ ಸಂಘಟನೆಯಾದ ಕು ಕ್ಲಕ್ಸ್ ಕ್ಲಾನ್‌ಗೆ ಮರುಜೀವ ಕೊಟ್ಟವನು ಹಿಂದೆ ಮೆಥಡಿಸ್ಟ್ ಬೋಧಕನಾಗಿದ್ದವನು. ಒಡೆದುಹೋದ ಮೆಥಡಿಸ್ಟರು 1939ರಲ್ಲಿ ಮತ್ತೆ ಒಂದಾದರು. ಆ ಒಗ್ಗಟ್ಟಿನ ಬೆಲೆ ತೆತ್ತವರು ಕಪ್ಪು ಸದಸ್ಯರು. ಅವರ ಚರ್ಚುಗಳನ್ನೆಲ್ಲ ಬಣ್ಣದ ಆಧಾರದ ಮೇಲೆ ಒಂದು ಪ್ರತ್ಯೇಕ ವಿಭಾಗಕ್ಕೆ ದೂಡಲಾಯಿತು. ಮಿಲ್ಡ್ರೆಡ್ ಮತ್ತು ರಿಚರ್ಡ್ ಲವಿಂಗ್ ದಂಪತಿ ಕಪ್ಪು–ಬಿಳಿ ಮದುವೆಯ 'ತಪ್ಪಿ'ಗೆ ವರ್ಜೀನಿಯಾದಲ್ಲಿ ಶಿಕ್ಷೆಗೆ ಗುರಿಯಾದ ಪ್ರಕರಣದಲ್ಲಿ ಅಲ್ಲಿನ ನ್ಯಾಯಾಧೀಶರು, ದೇವರು ಜನಾಂಗಗಳನ್ನು ಬೇರೆ ಬೇರೆ ಖಂಡಗಳಲ್ಲಿ ಇಟ್ಟದ್ದೇ ಅವು ಬೆರೆಯಬಾರದೆಂದು ಎಂದು ಬರೆದರು. 1667ರ ಶಾಸನಸಭೆಯ ಧ್ವನಿಯೇ ಮುನ್ನೂರು ವರ್ಷಗಳ ನಂತರ ಅದೇ ವರ್ಜೀನಿಯಾದಲ್ಲಿ ಕೇಳಿಸಿತು. 1967ರಲ್ಲಿ ಸುಪ್ರೀಂ ಕೋರ್ಟ್ ಆ ಕಾನೂನನ್ನು ತಳ್ಳಿಹಾಕಿತು.

ಅದೇ ಗ್ರಂಥ, ಬೇರೆ ಕಿವಿ

ಫಿಲಡೆಲ್ಫಿಯಾದ ಸೇಂಟ್ ಜಾರ್ಜ್ ಮೆಥಡಿಸ್ಟ್ ಚರ್ಚು, 18ನೇ ಶತಮಾನದ ಕೊನೆಯ ವರ್ಷಗಳು. ಪ್ರಾರ್ಥನೆ ನಡೆಯುತ್ತಿದೆ. ಕಪ್ಪು ಭಕ್ತ ಆಬ್ಸಲೊಮ್ ಜೋನ್ಸ್ ಮೊಣಕಾಲೂರಿದ್ದಾರೆ. ನೀವು ಇಲ್ಲಿ ಕೂರುವ ಹಾಗಿಲ್ಲ ಎಂದು ಚರ್ಚಿನ ಅಧಿಕಾರಿಯೊಬ್ಬ ಅವರ ರಟ್ಟೆ ಹಿಡಿದು ಎಬ್ಬಿಸುತ್ತಾನೆ. ಪ್ರಾರ್ಥನೆ ಮುಗಿಯಲಿ, ಆಮೇಲೆ ನಿಮಗೆ ತೊಂದರೆ ಕೊಡುವುದಿಲ್ಲ ಎನ್ನುತ್ತಾರೆ ಜೋನ್ಸ್. ಅಷ್ಟಕ್ಕೂ ಬಿಡುವುದಿಲ್ಲ. ಪ್ರಾರ್ಥನೆ ಮುಗಿದದ್ದೇ ಕಪ್ಪು ಜನರೆಲ್ಲ ಒಟ್ಟಾಗಿ ಎದ್ದು ಹೊರನಡೆದರು. ಅವರ ಜೊತೆಗಿದ್ದ ರಿಚರ್ಡ್ ಆಲನ್ 1794ರಲ್ಲಿ ಬೆಥೆಲ್ ಚರ್ಚನ್ನು ಕಟ್ಟಿದರು. 1816ರಲ್ಲಿ ಅದು ಆಫ್ರಿಕನ್ ಮೆಥಡಿಸ್ಟ್ ಎಪಿಸ್ಕೋಪಲ್ ಎಂಬ ಸ್ವತಂತ್ರ ಪಂಗಡವಾಗಿ ಬೆಳೆಯಿತು.

ಕಪ್ಪು ಜನ ಗ್ರಂಥವನ್ನು ಬಿಸಾಡಲಿಲ್ಲ, ತಮ್ಮದು ಮಾಡಿಕೊಂಡರು. ಗುಲಾಮರ ಬೈಬಲಿನಿಂದ ಕತ್ತರಿಸಿ ತೆಗೆದ, ಮೋಶೆಯ ಕಥೆ ಹೇಳುವ ವಿಮೋಚನಕಾಂಡವೇ ಅವರ ಹಾಡುಗಳ ಉಸಿರಾಯಿತು. ರಾತ್ರಿಗಳಲ್ಲಿ ಗುಲಾಮರನ್ನು ಉತ್ತರಕ್ಕೆ ದಾಟಿಸುತ್ತಿದ್ದ ಹ್ಯಾರಿಯೆಟ್ ಟಬ್‌ಮನ್‌ರನ್ನು ಮೋಶೆ ಎಂದೇ ಕರೆದರು. 1831ರಲ್ಲಿ ವರ್ಜೀನಿಯಾದಲ್ಲಿ ದಂಗೆಯೆದ್ದ ನ್ಯಾಟ್ ಟರ್ನರ್ ಒಬ್ಬ ಬೋಧಕ. ಮರುವರ್ಷವೇ ಅಲ್ಲಿ ಕಪ್ಪು ಜನ ಬೋಧನೆ ಮಾಡುವುದನ್ನು ಕಾನೂನು ನಿಷೇಧಿಸಿತು. ಆ ಪುಸ್ತಕದಲ್ಲಿ ಏನಿದೆ ಎಂಬುದು ಒಡೆಯರಿಗೂ ಚೆನ್ನಾಗಿ ಗೊತ್ತಿತ್ತು.

1963ರ ಏಪ್ರಿಲ್‌ನಲ್ಲಿ ಅಲಬಾಮಾದ ಬರ್ಮಿಂಗ್‌ಹ್ಯಾಮ್‌ನಲ್ಲಿ ಎಂಟು ಮಂದಿ ಬಿಳಿಯ ಧರ್ಮಗುರುಗಳು ಪ್ರತಿಭಟನೆ ಬೇಡ, ತಾಳ್ಮೆ ಇರಲಿ ಎಂದು ಬಹಿರಂಗ ಪತ್ರ ಬರೆದರು. ಜೈಲಿನಲ್ಲಿದ್ದ ಮಾರ್ಟಿನ್ ಲೂಥರ್ ಕಿಂಗ್ ಅದಕ್ಕೆ ಬರೆದ ಉತ್ತರ ಜಗತ್ಪ್ರಸಿದ್ಧವಾಯಿತು. ಅದೇ ವರ್ಷ ಸೆಪ್ಟೆಂಬರ್ 15, ಭಾನುವಾರ. ನಗರದ ಹದಿನಾರನೆಯ ಬೀದಿಯ ಬ್ಯಾಪ್ಟಿಸ್ಟ್ ಚರ್ಚಿನಲ್ಲಿ ಕ್ಲಾನ್ ಇಟ್ಟ ಬಾಂಬು ಸಿಡಿದು ನಾಲ್ವರು ಬಾಲಕಿಯರು ಸತ್ತರು. ಅಂದಿನ ಪಾಠ ಕ್ಷಮಿಸುವ ಪ್ರೀತಿಯ ಬಗ್ಗೆ. ಬಣ್ಣದ ಗಾಜಿನ ಕಿಟಕಿಯಲ್ಲಿದ್ದ ಕ್ರಿಸ್ತನ ಆಕೃತಿ ಉಳಿಯಿತು, ಮುಖ ಹಾರಿಹೋಯಿತು.

ದೂರದ ವೇಲ್ಸ್ ದೇಶದ ಜನ ಈ ಸುದ್ದಿ ಓದಿ ಕಿರುಗಾಣಿಕೆ ಕೂಡಿಸಿದರು. ಕಲಾವಿದ ಜಾನ್ ಪೆಟ್ಸ್ ಮಾಡಿದ ಹೊಸ ಕಿಟಕಿ 1965ರಲ್ಲಿ ಆ ಚರ್ಚಿಗೆ ಬಂತು. ಅದರಲ್ಲಿ ತೋಳು ಚಾಚಿ ನಿಂತಿರುವ ಕ್ರಿಸ್ತ ಕಪ್ಪು ಮನುಷ್ಯ. ಅಮೆರಿಕದ ಮನೆಮನೆಗಳಲ್ಲಿ ಆಗ ಇದ್ದದ್ದು 1940ರಲ್ಲಿ ವಾರ್ನರ್ ಸಾಲ್‌ಮನ್ ಬಿಡಿಸಿದ, ತಿಳಿಬಣ್ಣದ ನೀಳಕೂದಲ ಬಿಳಿಯ ಯೇಸುವಿನ ಚಿತ್ರ. ಕೋಟಿಗಟ್ಟಲೆ ಅಚ್ಚಾದ ಚಿತ್ರ ಅದು. ದೇವರ ಮುಖ ಒಡೆಯನ ಮುಖದಂತೆಯೇ ಇದ್ದರೆ ಮಗುವಿನ ಮನಸ್ಸು ಏನು ಕಲಿಯುತ್ತದೆ ಎಂದು ಆ ಗಾಜಿನ ಕಿಟಕಿಯನ್ನು ನೆನೆದಾಗಲೆಲ್ಲ ನನಗೆ ಅನ್ನಿಸುತ್ತದೆ.

ಕ್ಷಮೆ ಕೇಳಿದ ಮೇಲೆ

ಸದರ್ನ್ ಬ್ಯಾಪ್ಟಿಸ್ಟರು 1995ರಲ್ಲಿ, ಹುಟ್ಟಿ ನೂರೈವತ್ತು ವರ್ಷಕ್ಕೆ ಕ್ಷಮೆ ಕೇಳಿದರು. ಪಾದ್ರಿಗಳನ್ನು ತಯಾರು ಮಾಡುವ ಅವರ ಮುಖ್ಯ ಸೆಮಿನರಿಯ ನಾಲ್ವರು ಸ್ಥಾಪಕರ ಬಳಿ ಒಟ್ಟು ಐವತ್ತಕ್ಕೂ ಹೆಚ್ಚು ಗುಲಾಮರಿದ್ದರು ಎಂದು ಆ ಸೆಮಿನರಿಯೇ 2018ರಲ್ಲಿ ವರದಿ ಹೊರತಂದಿತು. ನಿಕೋಲಸ್ ಪೋಪರ ಪತ್ರಗಳ ಹಿಂದಿನ ವಾದವನ್ನು ವ್ಯಾಟಿಕನ್ 2023ರ ಮಾರ್ಚಿನಲ್ಲಿ ತಿರಸ್ಕರಿಸಿತು. ಇವೆಲ್ಲ ಬೇಕಾದವೇ. ಆದರೆ ಕ್ಷಮೆ ಕೇಳಿದಷ್ಟಕ್ಕೆ ಬೇರು ಕಿತ್ತುಬರುವುದಿಲ್ಲ.

2015ರ ಜೂನ್ 17ರ ಸಂಜೆ, ಚಾರ್ಲ್ಸ್‌ಟನ್‌ನ ಇಮ್ಯಾನುಯೆಲ್ ಚರ್ಚು. ಆಲನ್ ಅವರ ಪಂಗಡಕ್ಕೆ ಸೇರಿದ ಚರ್ಚು ಇದು. 1822ರ ದಂಗೆಯ ಸಂಚಿನ ಆರೋಪದ ಮೇಲೆ ಅದರ ಸದಸ್ಯ ಡೆನ್ಮಾರ್ಕ್ ವೆಸಿಯನ್ನು ಗಲ್ಲಿಗೇರಿಸಿ, ಕಟ್ಟಡವನ್ನೂ ನೆಲಸಮ ಮಾಡಿದ್ದರು. ಆ ಸಂಜೆ ಬೈಬಲ್ ಅಧ್ಯಯನಕ್ಕೆ ಬಂದ ಬಿಳಿಯ ಯುವಕನಿಗೆ ಅಲ್ಲಿನ ಕಪ್ಪು ಭಕ್ತರು ತಮ್ಮ ನಡುವೆ ಜಾಗ ಕೊಟ್ಟರು. ಯೇಸು ಹೇಳಿದ ಬಿತ್ತುವವನ ದೃಷ್ಟಾಂತವನ್ನು ಓದಿದರು. ಸುಮಾರು ಒಂದು ಗಂಟೆ ಜೊತೆಗೆ ಕೂತಿದ್ದ ಆತ, ಕಣ್ಣು ಮುಚ್ಚಿ ಪ್ರಾರ್ಥಿಸುವ ಹೊತ್ತಿಗೆ ಗುಂಡು ಹಾರಿಸಿ ಒಂಬತ್ತು ಜನರನ್ನು ಕೊಂದ. ಸತ್ತವರಲ್ಲಿ ಒಬ್ಬರಾದ ಪಾದ್ರಿ ಕ್ಲೆಮೆಂಟಾ ಪಿಂಕ್ನಿ ಲೂಥರನ್ ಸೆಮಿನರಿಯಲ್ಲಿ ಓದಿದವರು. ಕೊಂದವನ ಹೆಸರೂ ಒಂದು ಲೂಥರನ್ ಚರ್ಚಿನ ಪಟ್ಟಿಯಲ್ಲಿತ್ತು.

ಶಾಸ್ತ್ರದ ಮಾತು ಎತ್ತಿ ಮನುಷ್ಯರನ್ನು ಊರಾಚೆ ಇಟ್ಟ ನಾಡಿನವರಾದ ನಮಗೆ ಇದು ಪರದೇಶದ ಕಥೆ ಅನ್ನಿಸಲಾರದು. 1946ರಲ್ಲಿ ಅಂಬೇಡ್ಕರ್ ಅಮೆರಿಕದ ಕಪ್ಪು ಚಿಂತಕ ಡುಬಾಯ್ಸ್‌ಗೆ ಪತ್ರ ಬರೆದು, ಕಪ್ಪು ಜನರ ಸ್ಥಿತಿಗೂ ಅಸ್ಪೃಶ್ಯರ ಸ್ಥಿತಿಗೂ ಇರುವ ಸಾಮ್ಯವನ್ನು ಎತ್ತಿ ಹೇಳಿದ್ದರು. ಅದಕ್ಕೂ ಹತ್ತು ವರ್ಷ ಮೊದಲು ಆ ಡೇಟೋನಾದ ಹುಡುಗ, ಆಗ ಪ್ರಾಧ್ಯಾಪಕ ಹೊವರ್ಡ್ ಥರ್ಮನ್, ಕಪ್ಪು ಕ್ರೈಸ್ತರ ನಿಯೋಗದೊಡನೆ ನಮ್ಮ ಕಡೆಗೆ ಬಂದಿದ್ದರು. ಕೊಲಂಬೊದ ಕಾನೂನು ಕಾಲೇಜಿನಲ್ಲಿ ಒಬ್ಬರು ಅವರನ್ನು ನೇರವಾಗಿ ಕೇಳಿದರು: ನಿಮ್ಮವರನ್ನು ಹಿಡಿದು ಮಾರಿದವರು ಕ್ರೈಸ್ತರು, ಅದನ್ನು ಸರಿ ಎಂದವರು ಕ್ರೈಸ್ತರು, ನೀವು ಆ ಧರ್ಮದ ಪರವಾಗಿ ಬಂದು ನಿಂತಿರುವುದು ಹೇಗೆ? 1936ರ ಫೆಬ್ರವರಿಯಲ್ಲಿ ಬಾರ್ಡೋಲಿಯಲ್ಲಿ ಗಾಂಧಿಯೂ ಕಪ್ಪು ಜನರ ಬದುಕಿನ ಬಗ್ಗೆ ಪ್ರಶ್ನೆಯ ಮೇಲೆ ಪ್ರಶ್ನೆ ಕೇಳಿದರು.

ಥರ್ಮನ್ ಆ ಪ್ರಶ್ನೆಗಳನ್ನು ಹೊತ್ತುಕೊಂಡೇ ಮನೆಗೆ ಮರಳಿದರು. 1944ರಲ್ಲಿ ಬಿಳಿಯ ಪಾದ್ರಿ ಆಲ್‌ಫ್ರೆಡ್ ಫಿಸ್ಕ್ ಜೊತೆ ಸೇರಿ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಒಂದು ಚರ್ಚು ಕಟ್ಟಿದರು. ಎಲ್ಲ ಬಣ್ಣದವರೂ ಒಂದೇ ಬೆಂಚಿನಲ್ಲಿ ಕೂರುವ ಆ ಚರ್ಚು ಇಂದಿಗೂ ಇದೆ. ಅದರ ಕನಸು ಮೂಡಿದ್ದು ಇದೇ ಪ್ರವಾಸದಲ್ಲಿ, ಖೈಬರ್ ಕಣಿವೆಯ ಬಳಿ ನಿಂತಿದ್ದಾಗ ಎಂದು ಅವರು ಹೇಳಿಕೊಂಡಿದ್ದಾರೆ. 1949ರಲ್ಲಿ ಅವರು ಬರೆದ ಪುಸ್ತಕದಲ್ಲಿ ಕೊಲಂಬೊದ ಪ್ರಶ್ನೆಯೂ ಇದೆ, ಅಜ್ಜಿಯ ಆಣೆಯೂ ಇದೆ.

ಅಜ್ಜಿ ಹೇಳುತ್ತಿದ್ದ ಇನ್ನೊಂದು ಕಥೆಯೂ ಅದರಲ್ಲಿದೆ. ಒಡೆಯನ ಪಾದ್ರಿಯಲ್ಲದೆ, ಗುಲಾಮನೇ ಆಗಿದ್ದ ಒಬ್ಬ ಬೋಧಕ ಒಮ್ಮೊಮ್ಮೆ ಗುಟ್ಟಾಗಿ ಅವರ ನಡುವೆ ಬೋಧಿಸುತ್ತಿದ್ದ. ಬೋಧನೆಯ ಕೊನೆಗೆ ಆತ ಮಾತು ನಿಲ್ಲಿಸಿ ಒಂದೊಂದೇ ಮುಖವನ್ನು ದಿಟ್ಟಿಸಿ ನೋಡುತ್ತಿದ್ದ. ಆಮೇಲೆ, ನೀವು ಗುಲಾಮರಲ್ಲ, ದೇವರ ಮಕ್ಕಳು ಎನ್ನುತ್ತಿದ್ದ. ಕಥೆ ಈ ಮಾತಿಗೆ ಬಂದಾಗ ಅಜ್ಜಿಯ ಬೆನ್ನು ನೆಟ್ಟಗಾಗುತ್ತಿತ್ತು ಎಂದು ಮೊಮ್ಮಗ ನೆನೆದಿದ್ದಾರೆ.